ನೆಲ ಸೇರಿದ ಯುದ್ಧನೌಕೆ ಮಿಕಾಸಾ

ಶ್ರೋತೃಗಳಿಗೆ ನಮಸ್ಕಾರ.

ಜಪಾನಿನ ಟೋಕಿಯೋ ಕೊಲ್ಲಿಯ ದಡದಲ್ಲಿರುವ ಯೊಕೊಸುಕಾ ನಗರದ ಉದ್ಯಾನವೊಂದರಲ್ಲಿ ಸುಮಾರು 131 ಮೀಟರ್ ಉದ್ದದ ಯುದ್ಧನೌಕೆಯೊಂದು ನಿಂತಿದೆ. ಇನ್ನೇನು ಲಂಗರೆತ್ತಿ ಹೊರಡುವಂತೆ ಕಂಡರೂ ಅದು ಅಲುಗಲಾರದು. ಅದರ ತಳಭಾಗವನ್ನು ಕಾಂಕ್ರೀಟಿನಲ್ಲಿ ಹೂಳಲಾಗಿದೆ. ನಾರಾ ಪಟ್ಟಣದ ಬೆಟ್ಟವೊಂದರ ಹೆಸರನ್ನು ಹೊತ್ತ ಈ ಮಿಕಾಸಾ, ಬ್ರಿಟನ್ನಿನ ಡ್ರೆಡ್‌ನಾಟ್ ಎಂಬ ನೌಕೆಯಿಂದ ಶುರುವಾದ ಹೊಸ ಯುಗಕ್ಕೆ ಮೊದಲಿನ ಉಕ್ಕಿನ ಯುದ್ಧನೌಕೆಗಳ ಪೈಕಿ ಇಂದು ಉಳಿದಿರುವ ಒಂದೇ ಒಂದು.

ದೊಡ್ಡ ಯುದ್ಧನೌಕೆಗಳನ್ನು ತಾನೇ ಕಟ್ಟುವ ಸಾಮರ್ಥ್ಯ ಆಗ ಜಪಾನಿಗೆ ಇರಲಿಲ್ಲ. ಹಾಗಾಗಿ ಇಂಗ್ಲೆಂಡಿನ ಬ್ಯಾರೋ ಬಂದರಿನ ವಿಕರ್ಸ್ ಕಾರ್ಖಾನೆಯಲ್ಲಿ 1899ರಲ್ಲಿ ಇದರ ಕೆಲಸ ಆರಂಭವಾಗಿ, 1900ರ ನವೆಂಬರಿನಲ್ಲಿ ನೌಕೆ ನೀರಿಗಿಳಿಯಿತು, 1902ರಲ್ಲಿ ಜಪಾನಿಗೆ ಹಸ್ತಾಂತರವಾಯಿತು. ಹದಿನೈದು ಸಾವಿರ ಟನ್ನಿಗೂ ಮೀರಿದ ಭಾರ, 12 ಇಂಚು ಬಾಯಿಯ ನಾಲ್ಕು ತೋಪುಗಳು, 6 ಇಂಚಿನ ಹದಿನಾಲ್ಕು ತೋಪುಗಳು, ಪಕ್ಕೆಗಳಿಗೆ ಒಂಬತ್ತು ಇಂಚು ದಪ್ಪದ ಉಕ್ಕಿನ ಕವಚ.

ರಷ್ಯ-ಜಪಾನ್ ಯುದ್ಧದಲ್ಲಿ, 1905ರ ಮೇ 27ರಂದು, ಜಪಾನ್ ಮತ್ತು ಕೊರಿಯಾಗಳ ನಡುವಿನ ತ್ಸುಶಿಮಾ ಜಲಸಂಧಿಯಲ್ಲಿ ರಷ್ಯದ ನೌಕಾದಳ ಎದುರಾದಾಗ, ಜಪಾನಿನ ದಳಪತಿ ಟೋಗೋ ಹೇಹಾಚಿರೋ ನಿಂತಿದ್ದುದು ಈ ನೌಕೆಯ ಮೇಲೆಯೇ. ದಪ್ಪ ಉಕ್ಕಿನ ಗೋಡೆಗಳ ಒಳಗೆ ಆಶ್ರಯವಿದ್ದರೂ ಅವರು ಮೇಲಿನ ತೆರೆದ ಅಟ್ಟದಿಂದ ಕದಲಲಿಲ್ಲ. ಕದನ ಮುಗಿದು ಅವರು ಅಲ್ಲಿಂದ ಸರಿದಾಗ, ಅಲೆಗಳ ಎರಚಲಿಗೆ ತೊಯ್ದ ಹಲಗೆಯ ಮೇಲೆ ಅವರ ಪಾದಗಳಿದ್ದಷ್ಟು ಜಾಗ ಮಾತ್ರ ಒಣಗಿತ್ತೆಂದು ಹೇಳುವುದುಂಟು. ಬಾಲ್ಟಿಕ್ ಸಮುದ್ರದಿಂದ ತಿಂಗಳುಗಟ್ಟಲೆ ಪ್ರಯಾಣ ಮಾಡಿ, ದಣಿದು ಬಂದಿದ್ದ ರಷ್ಯದ ದಳದ ಮುಂದೆಯೇ ಟೋಗೋ ತಮ್ಮ ನೌಕೆಗಳ ಸಾಲನ್ನು ತಿರುಗಿಸಿ, ಅದರ ದಾರಿಗೆ ಅಡ್ಡವಾಗಲು ಹೊರಟರು. ಆ ತಿರುವಿನಲ್ಲಿ ಮೊದಲನೆಯದಾಗಿದ್ದ ಮಿಕಾಸಾದ ಮೇಲೆ ಶತ್ರುಗಳ ಗುಂಡುಗಳ ಮಳೆಯೇ ಸುರಿಯಿತು. ಆ ದಿನ ಮೂವತ್ತಕ್ಕೂ ಹೆಚ್ಚು ಗುಂಡುಗಳು ಅದಕ್ಕೆ ತಗುಲಿದವು. ಆದರೂ ಎರಡು ದಿನಗಳಲ್ಲಿ ರಷ್ಯದ ದಳ ಹೇಳಹೆಸರಿಲ್ಲದಂತಾಯಿತು. ಆ ದಿನಗಳಲ್ಲೇ ಓದಿಗಾಗಿ ಇಂಗ್ಲೆಂಡಿಗೆ ಬಂದಿಳಿದಿದ್ದ ಹದಿನೈದು ವರ್ಷದ ಜವಾಹರಲಾಲ್ ನೆಹರೂ, ಡೋವರಿನಿಂದ ಲಂಡನ್ನಿಗೆ ಹೋಗುವ ರೈಲಿನಲ್ಲಿ ಈ ಸುದ್ದಿ ಓದಿ ಹಿಗ್ಗಿದರು.

ನನ್ನ ಮನಸ್ಸನ್ನು ಹೆಚ್ಚು ಕಲಕುವುದು ಮಾತ್ರ ಆ ಗೆಲುವಿನ ಅನಂತರದ ಕಥೆ. ಸೆಪ್ಟೆಂಬರ್ 5ರಂದು ಶಾಂತಿ ಒಪ್ಪಂದಕ್ಕೆ ಸಹಿ ಬಿತ್ತು. ಆಮೇಲೆ ಹೆಚ್ಚೆಂದರೆ ಒಂದು ವಾರ. ಸಾಸೆಬೋ ಬಂದರಿನಲ್ಲಿ ನಿಂತಿದ್ದ ಮಿಕಾಸಾದ ಮದ್ದಿನ ಕೋಣೆ ಸ್ಫೋಟಿಸಿ, ನೌಕೆ ಅಲ್ಲೇ ತಳ ಕಂಡಿತು. ತ್ಸುಶಿಮಾದಲ್ಲಿ ಅದರ ಮೇಲೆ ಸತ್ತವರು ಬೆರಳೆಣಿಕೆಯಷ್ಟು ಮಂದಿ. ಯುದ್ಧವಿಲ್ಲದ ಆ ರಾತ್ರಿ ಸತ್ತವರು ಇನ್ನೂರೈವತ್ತಕ್ಕೂ ಹೆಚ್ಚು. ಮನೆಗೆ ಮರಳುವ ದಿನ ಎಣಿಸುತ್ತಿದ್ದವರು ಅವರಲ್ಲಿ ಎಷ್ಟು ಜನರಿದ್ದರೋ!

1906ರಲ್ಲಿ ಅದನ್ನು ನೀರಿನಿಂದ ಮೇಲೆತ್ತಿದರು. ಅದೇ ವರ್ಷ ಬ್ರಿಟನ್ನು 12 ಇಂಚಿನ ಹತ್ತು ತೋಪುಗಳ, ಉಗಿ ಟರ್ಬೈನುಗಳ ಡ್ರೆಡ್‌ನಾಟ್ ನೌಕೆಯನ್ನು ಸಜ್ಜುಗೊಳಿಸಿತು. ಹೀಗೆ ಮಿಕಾಸಾ ಕೆಸರಿನಿಂದೆದ್ದು ಬರುವಷ್ಟರಲ್ಲಿ ಅದರ ಪೀಳಿಗೆಯೇ ಹಳತಾಗಿಬಿಟ್ಟಿತ್ತು.

ದೊಡ್ಡ ದೇಶಗಳು ತಮ್ಮ ಯುದ್ಧನೌಕೆಗಳಿಗೆ ಮಿತಿ ಹಾಕಿಕೊಂಡ 1922ರ ವಾಷಿಂಗ್ಟನ್ ಒಪ್ಪಂದದ ಪ್ರಕಾರ ಅದು ಒಡೆಯಬೇಕಾದ ನೌಕೆಗಳಲ್ಲಿ ಒಂದಾಗಿತ್ತು. ಮತ್ತೆಂದೂ ಕಡಲಿಗಿಳಿಯದಂತೆ ನೆಲಕ್ಕೆ ಕಟ್ಟಿಹಾಕುತ್ತೇವೆಂದು ಜಪಾನ್ ಮಾತು ಕೊಟ್ಟ ಮೇಲೆ ಅದನ್ನು ಉಳಿಸಿಕೊಳ್ಳಲು ಉಳಿದ ದೇಶಗಳು ಒಪ್ಪಿದವು. ಆ ಕಾಂಕ್ರೀಟು ಬಂದದ್ದು ಹೀಗೆ. 1926ರ ನವೆಂಬರಿನಲ್ಲಿ, ವೃದ್ಧ ಟೋಗೋ ಅವರ ಎದುರಿನಲ್ಲೇ ಅದು ಸ್ಮಾರಕವಾಯಿತು.

ಎರಡನೆಯ ಮಹಾಯುದ್ಧದಲ್ಲಿ ಜಪಾನ್ ಸೋತ ಮೇಲೆ ತೋಪುಗಳು, ಕೂವೆಮರಗಳು, ಹೊಗೆಕೊಳವೆಗಳು ಒಂದೊಂದಾಗಿ ಕಾಣೆಯಾದವು. ಬೋಳು ಅಟ್ಟದ ಮೇಲೆ ನೃತ್ಯಶಾಲೆ, ಮೀನುಗಳ ಪ್ರದರ್ಶನಾಲಯ ಎದ್ದವು. ಅದರ ದುಸ್ಥಿತಿಯನ್ನು ಕಂಡು ಮೊದಲು ಪತ್ರಿಕೆಗೆ ಬರೆದು ಎಚ್ಚರಿಸಿದವರು ಬ್ಯಾರೋ ಊರಿನವರೇ ಆದ ಒಬ್ಬ ಇಂಗ್ಲಿಷರು. ನೆರವಿಗೆ ನಿಂತ ಇನ್ನೊಬ್ಬರು ಪೆಸಿಫಿಕ್ ಸಾಗರದಲ್ಲಿ ಜಪಾನಿನ ನೌಕಾಬಲವನ್ನು ಮುರಿದ ಅಮೆರಿಕದ ಅಡ್ಮಿರಲ್ ಚೆಸ್ಟರ್ ನಿಮಿಟ್ಜ್. 1905ರಲ್ಲಿ ಟೋಕಿಯೋದ ಔತಣವೊಂದರಲ್ಲಿ ಟೋಗೋ ಅವರನ್ನು ಕಂಡು ಮಾತಾಡಿದ್ದ ಎಳೆಯ ನಾವಿಕ ಅವರು. ಆ ಗೌರವ ನಡುವಿನ ಯುದ್ಧದಲ್ಲೂ ಅಳಿದಿರಲಿಲ್ಲ.

ಕಳೆದುಹೋದ ಬಿಡಿಭಾಗಗಳಲ್ಲಿ ಕೆಲವು ಸಿಕ್ಕಿದ್ದು ಇನ್ನೂ ದೂರದಿಂದ. ಬ್ರಿಟನ್ನಿನಲ್ಲೇ ಕಟ್ಟಿದ್ದ ಚಿಲಿ ದೇಶದ ಅಲ್ಮಿರಾಂಟೆ ಲಾತೊರೆ ಎಂಬ ಯುದ್ಧನೌಕೆಯನ್ನು 1959ರಲ್ಲಿ ಒಡೆಯಲು ಜಪಾನಿಗೆ ಎಳೆತಂದಾಗ, ಅದರ ಭಾಗಗಳನ್ನು ಬಿಚ್ಚಿ ಮಿಕಾಸಾಕ್ಕೆ ಜೋಡಿಸಿದರು. 1961ರ ಮೇ 27ರಂದು, ತ್ಸುಶಿಮಾ ಕದನ ನಡೆದ ದಿನದಂದೇ, ನೌಕೆಯನ್ನು ಮತ್ತೆ ಜನರಿಗೆ ತೆರೆಯಲಾಯಿತು.

ನಮಸ್ಕಾರ.