ಮುಟ್ಟಿದರೆ ಮುಗಿಯುವ ಕಲ್ಲು

ಎಲ್ಲರಿಗೂ ನಮಸ್ಕಾರ.

ಇವತ್ತು ನಾನು ಮಾತಾಡುವುದು ಎಲ್ಲೂ ಇಲ್ಲದ ಒಂದು ಕಲ್ಲಿನ ಬಗ್ಗೆ. ನಾನು ಬರೆಯುತ್ತಿರುವ ಕಾದಂಬರಿಯ ಲೋಕದಲ್ಲಿ ಮಾತ್ರ ಅದು ಸಿಗುತ್ತದೆ. ಹೆಸರು ಬಿಸುಪುಗಲ್ಲು. ಹುಣಸೆ ಬೀಜದಷ್ಟು ಗಾತ್ರ, ಮಾಸಲು ಬೂದು ಬಣ್ಣ, ಹೊಳಪೇ ಇಲ್ಲ. ಆದರೆ ಮೊದಲ ಸಲ ಯಾರ ಅಂಗೈ ತಾಗುತ್ತದೋ ಅವರ ಮೈಬಿಸಿಯನ್ನು ಅದು ತನ್ನೊಳಗೆ ಇಟ್ಟುಕೊಂಡುಬಿಡುತ್ತದೆ. ಆ ಮನುಷ್ಯ ಸತ್ತು ನೂರು ವರ್ಷ ಕಳೆದರೂ ಕಲ್ಲು ಬೆಚ್ಚಗೇ ಇರುತ್ತದೆ. ಹಿಡಿದರೆ ಅವರ ಕೈಯನ್ನೇ ಹಿಡಿದ ಹಾಗೆ.

ಮೊದಲ ಕರಡಿನಲ್ಲಿ ಈ ಕಲ್ಲು ಹೀಗಿರಲಿಲ್ಲ. ನೀಲಿಯಾಗಿ ಹೊಳೆಯುತ್ತಿತ್ತು, ಗಾಯ ಮಾಯಿಸುತ್ತಿತ್ತು, ಕತ್ತಿಗೆ ಕೂರಿಸಿದರೆ ಬೆಂಕಿ ಉಗುಳುತ್ತಿತ್ತು. ಗೆಳತಿಯೊಬ್ಬಳು ಓದಿ ಒಂದೇ ಪ್ರಶ್ನೆ ಕೇಳಿದಳು: “ಇದು ಅಪರೂಪ ಅಂತ ಬರೆದಿದ್ದೀಯಲ್ಲ, ಯಾಕೆ ಅಪರೂಪ?” ನನ್ನ ಹತ್ತಿರ ಉತ್ತರ ಇರಲಿಲ್ಲ. ಆಮೇಲೆ ತಿಂಗಳುಗಟ್ಟಲೆ ನಿಜವಾದ ಖನಿಜಗಳ ಬಗ್ಗೆ ಓದಿದೆ.

ಅಲ್ಯೂಮಿನಿಯಂ ತಗೊಳ್ಳಿ. ಭೂಮಿಯ ಹೊರಪದರದ ತೂಕದಲ್ಲಿ ಶೇಕಡಾ 8ರಷ್ಟು ಅದೇ ಇದೆ. ಆದರೂ 19ನೇ ಶತಮಾನದ ನಡುವೆ ಅದು ದುಬಾರಿ ಲೋಹವಾಗಿತ್ತು. ಕಾರಣ ಇಷ್ಟೇ, ಅದಿರಿನಿಂದ ಅದನ್ನು ಬಿಡಿಸಿ ತೆಗೆಯುವುದು ಬಹಳ ಕಷ್ಟವಿತ್ತು. 1884ರಲ್ಲಿ ವಾಷಿಂಗ್ಟನ್ ಸ್ಮಾರಕದ ತುತ್ತತುದಿಗೆ ಕೂರಿಸಿದ್ದು ಅಲ್ಯೂಮಿನಿಯಂ. ಎರಡೇ ವರ್ಷದಲ್ಲಿ, 1886ರಲ್ಲಿ, ಅಮೆರಿಕದ ಹಾಲ್ ಮತ್ತು ಫ್ರಾನ್ಸಿನ ಎರೂ ಬೇರೆ ಬೇರೆ ದೇಶದಲ್ಲಿದ್ದುಕೊಂಡು ವಿದ್ಯುತ್ತಿನಿಂದ ಅದನ್ನು ತೆಗೆಯುವ ದಾರಿ ಕಂಡುಕೊಂಡರು. ಬೆಲೆ ಬಿದ್ದುಹೋಯಿತು.

ಪೇನೈಟ್ ಎಂಬ ಖನಿಜದ್ದು ಬೇರೆಯೇ ಕಥೆ. ಅದು ಹರಳಾಗಲು ಬೋರಾನ್ ಮತ್ತು ಜಿರ್ಕೋನಿಯಂ ಒಂದೇ ಕಡೆ ಸೇರಬೇಕು. ಪ್ರಕೃತಿಯಲ್ಲಿ ಇವೆರಡೂ ಜೊತೆಯಾಗುವುದೇ ಕಡಿಮೆ. ಮ್ಯಾನ್ಮಾರ್‌ನಲ್ಲಿ 1950ರ ದಶಕದಲ್ಲಿ ಗುರುತಿಸಿದ ಮೇಲೂ ಎಷ್ಟೋ ವರ್ಷ ಜಗತ್ತಿಗೆ ಗೊತ್ತಿದ್ದದ್ದು ಬೆರಳೆಣಿಕೆಯ ಹರಳುಗಳು.

ನೋಡಿ, ಒಂದು ಅಪರೂಪ ಕುಲುಮೆಯಲ್ಲಿದೆ, ಇನ್ನೊಂದು ನೆಲದೊಳಗೇ ಇದೆ. ನನಗೆ ಮೂರನೆಯ ಥರದ್ದು ಬೇಕಿತ್ತು. ನೆಲದಲ್ಲಿ ಬೇಕಾದಷ್ಟಿದ್ದರೂ ಮುಟ್ಟಿದ ಕೂಡಲೇ ಮುಗಿದುಹೋಗುವ ಕಲ್ಲು. ಒಬ್ಬರ ಕೈ ತಾಗಿದರೆ ಸಂತೆಯಲ್ಲಿ ಅದಕ್ಕೆ ಮೂರು ಕಾಸೂ ಇಲ್ಲ. ಆದರೆ ಆ ಕೈಯನ್ನು ಪ್ರೀತಿಸಿದವರಿಗೆ ಅದಕ್ಕಿಂತ ದೊಡ್ಡದು ಬೇರೆ ಯಾವುದೂ ಇಲ್ಲ.

ಮಾಯೆಯ ವಿಷಯಕ್ಕೆ ಬಂದರೆ, ನಿಜವಾದ ಕಲ್ಲುಗಳೇ ಸಾಕಷ್ಟು ದಾರಿ ತೋರಿಸುತ್ತವೆ. 1603ರ ಸುಮಾರಿಗೆ ಇಟಲಿಯ ಬೊಲೋನ್ಯಾ ಊರಿನಲ್ಲಿ ಕಾಶ್ಯರೋಲೋ ಎಂಬ ಚಮ್ಮಾರನಿದ್ದ. ಬಿಡುವಿನಲ್ಲಿ ರಸವಿದ್ಯೆಯ ಹುಚ್ಚು. ಹತ್ತಿರದ ಗುಡ್ಡದಲ್ಲಿ ಸಿಕ್ಕ ಭಾರದ ಕಲ್ಲೊಂದನ್ನು, ಅಂದರೆ ಬೆರೈಟನ್ನು, ಇದ್ದಿಲಿನ ಜೊತೆ ಸುಟ್ಟ. ಆಮೇಲೆ ಅದನ್ನು ಹಗಲಿನ ಬೆಳಕಿಗೆ ಇಟ್ಟು ಕತ್ತಲೆಗೆ ತಂದರೆ ಕೆಂಡದ ಹಾಗೆ ಮಿನುಗುತ್ತಿತ್ತು! ಬೆಳಕನ್ನು ಕುಡಿದು ಇಟ್ಟುಕೊಳ್ಳುವ ಕಲ್ಲು. ಚಿನ್ನಕ್ಕಾಗಿ ಹುಡುಕುತ್ತಿದ್ದವನಿಗೆ ಸಿಕ್ಕಿದ್ದು ಇದು.

ಟೂರ್ಮಲಿನ್ ಅಂತೂ ನನಗೆ ಬಹಳ ಇಷ್ಟ. 18ನೇ ಶತಮಾನದ ಶುರುವಿನಲ್ಲಿ ಡಚ್ ವ್ಯಾಪಾರಿಗಳು ಸಿಲೋನಿನಿಂದ ಇದನ್ನು ಯುರೋಪಿಗೆ ಒಯ್ದರು. ಬಿಸಿ ಮಾಡಿದರೆ ಬೂದಿಯನ್ನು ಎಳೆದುಕೊಳ್ಳುತ್ತಿತ್ತು. ಹಾಗಾಗಿ ಡಚ್ಚರು ಅದನ್ನು ‘ಬೂದಿ ಎಳೆಯುವ ಕಲ್ಲು’ ಎಂದೇ ಕರೆದರು. ಕಾವು ಏರಿದಾಗ, ಇಳಿದಾಗ ಹರಳಿನ ಎರಡು ತುದಿಗಳಲ್ಲಿ ವಿದ್ಯುತ್ತು ಹುಟ್ಟುತ್ತದೆ, ಬೂದಿ ಅಂಟುವುದು ಅದರಿಂದ. ಕಾವಿಗೆ ಮಿಡಿಯುವ ಕಲ್ಲು ನಿಜವಾಗಿಯೂ ಇದೆ ಅಂದಮೇಲೆ ನನ್ನ ಬಿಸುಪುಗಲ್ಲು ಇನ್ನೊಂದು ಹೆಜ್ಜೆ ಮುಂದೆ ಹೋದದ್ದು, ಅಷ್ಟೆ.

ಹುಟ್ಟುವ ಜಾಗವನ್ನೂ ಹಾಗೇ ಹುಡುಕಿದೆ. ಬಿರುಕುಗಳಲ್ಲಿ ಹರಿಯುವ ಬಿಸಿನೀರು ತಣಿಯುತ್ತಾ ಬಂದ ಹಾಗೆ ಅದರಲ್ಲಿ ಕರಗಿದ್ದೆಲ್ಲ ಗೋಡೆಗೆ ಹರಳುಗಟ್ಟುತ್ತದೆ. ಎಷ್ಟೋ ಅದಿರುಗಳು ಹುಟ್ಟುವುದು ಹೀಗೇ. ನನ್ನ ಲೋಕದಲ್ಲಿ ಹಿಮದಡಿ ಬತ್ತಿಹೋದ ಬಿಸಿನೀರಿನ ಬುಗ್ಗೆಗಳಿವೆ. ಅಲ್ಲಿನ ಬಂಡೆ ತನ್ನ ಬಿಸಿಯನ್ನೆಲ್ಲ ಕಳೆದುಕೊಂಡಿದೆ. ಅದರ ಹಸಿವೇ ಈ ಕಲ್ಲಾಗಿದೆ ಎಂದು ಅಲ್ಲಿಯ ಜನ ನಂಬುತ್ತಾರೆ.

ಇಷ್ಟು ಬರೆದ ಮೇಲೂ ಕಥೆ ಹುಟ್ಟಿರಲಿಲ್ಲ. ಯಾಕೆಂದರೆ ಅಗೆಯುವವರು ಯಾರು ಅಂತ ನಾನು ಕೇಳಿಕೊಂಡಿರಲಿಲ್ಲ.

ಸ್ಪೇನಿನ ಅಲ್ಮದೆನ್ ಗಣಿಯ ಬಗ್ಗೆ ಓದಿದ ದಿನ ನನಗೆ ನಿದ್ದೆ ಬರಲಿಲ್ಲ. ಅಲ್ಲಿ ಸಿನಬಾರ್ ಎಂಬ ಕೆಂಪು ಅದಿರನ್ನು ಅಗೆದು, ಕಾಯಿಸಿ, ಪಾದರಸ ತೆಗೆಯುತ್ತಿದ್ದರು. ಆ ಪಾದರಸ ಸಮುದ್ರ ದಾಟಿ ಅಮೆರಿಕದಲ್ಲಿ ಅದಿರಿನಿಂದ ಬೆಳ್ಳಿ ಬಿಡಿಸಲು ಹೋಗುತ್ತಿತ್ತು, ಬೆಳ್ಳಿ ಅರಮನೆಗೆ ಹೋಗುತ್ತಿತ್ತು. 16ನೇ ಶತಮಾನದಿಂದ ಬಹಳ ಕಾಲ ಅಲ್ಲಿ ಕೈದಿಗಳನ್ನೂ ಗುಲಾಮರನ್ನೂ ದುಡಿಸಿದರು. ಪಾದರಸದ ಹಬೆ ಕುಡಿದವರ ಕೈಕಾಲು ನಡುಗುತ್ತಿತ್ತು, ಬಾಯಿ ಹುಣ್ಣಾಗುತ್ತಿತ್ತು. ಬೆಳ್ಳಿ ಬಟ್ಟಲು ಹಿಡಿದವನಿಗೆ ಆ ನಡುಗುವ ಕೈ ಕಾಣುತ್ತಿರಲಿಲ್ಲ ಅಲ್ವಾ?

ಅಲ್ಲಿಂದ ನನ್ನ ಗಣಿ ಕಣ್ಣಿಗೆ ಕಟ್ಟಿತು. ಬಿಸುಪುಗಲ್ಲು ಅಗೆಯುವವರು ಅದನ್ನು ಮುಟ್ಟುವ ಹಾಗಿಲ್ಲ. ಮರದ ಚಿಮಟದಲ್ಲಿ ಹಿಡಿದು, ಉಣ್ಣೆ ಹಾಸಿದ ಪೆಟ್ಟಿಗೆಯಲ್ಲಿಡಬೇಕು. ಮೂವತ್ತು ವರ್ಷ ದುಡಿದ ಮುದುಕನಿಗೂ ಅದು ಕೈಗೆ ಹೇಗಿರುತ್ತದೆಂದು ಗೊತ್ತಿಲ್ಲ. ಚಿಮಟದ ಹಿಡಿಯಲ್ಲಿ ಮಾತ್ರ ಅವನ ಹೆಬ್ಬೆರಳಿನ ಗುಳಿ ಬಿದ್ದಿದೆ. ಸಂದು ಕಿರಿದಾದ ಕಡೆ ಮಕ್ಕಳನ್ನು ಇಳಿಸುತ್ತಾರೆ. ಸಂಜೆ ಕಾವಲಿನವರು ಪ್ರತಿ ಕಲ್ಲಿನ ಮೇಲೂ ಮೇಣದ ತುಣುಕು ಇಟ್ಟು ನೋಡುತ್ತಾರೆ. ಮೇಣ ಮೆತ್ತಗಾದರೆ ಯಾರೋ ಮುಟ್ಟಿದ್ದಾರೆ ಅಂತ ಅರ್ಥ.

ಒಂದು ಸಂಜೆ ಆ ಪರೀಕ್ಷೆ ತಪ್ಪಿಹೋಗುತ್ತದೆ. ಪೆಟ್ಟಿಗೆ ನಲವತ್ತು ದಿನ ಹಿಮದ ದಾರಿಯಲ್ಲಿ ಸಾಗಿ ಅರಮನೆ ಸೇರುತ್ತದೆ. ಮಗುವನ್ನು ಕಳೆದುಕೊಂಡ ರಾಣಿ ಮುಚ್ಚಳ ತೆಗೆಯುತ್ತಾಳೆ. ಹನ್ನೊಂದು ಕಲ್ಲು ತಣ್ಣಗಿವೆ. ಹನ್ನೆರಡನೆಯದನ್ನು ಎತ್ತಿಕೊಂಡರೆ ಬೆಚ್ಚಗಿದೆ, ಸ್ವಲ್ಪ ಜಾಸ್ತಿಯೇ. ಜ್ವರ ಬಂದ ಪುಟ್ಟ ಕೈಯ ಬಿಸಿ. ಅವಳು ಬೆರಳು ಮಡಚಿ ಅದನ್ನು ಹಾಗೇ ಹಿಡಿದುಕೊಂಡು, ಇದು ಯಾರ ಮಗು ಎಂದು ಕೇಳುತ್ತಾಳೆ.