ಪಾರ್ಕ್ ಹಿಲ್‌ನ ಮೂರು ಕಂಬಗಳು

ಈ ಮೂರು ಇಟ್ಟಿಗೆ ಕಂಬ ನೋಡುತ್ತಿದ್ದೀರಲ್ಲಾ, ಉಳಿದಿರುವುದು ಇಷ್ಟೇ. ಇದು ಅಮೆರಿಕದ ಒಕ್ಲಹಾಮಾ ರಾಜ್ಯದ ಪಾರ್ಕ್ ಹಿಲ್. 1851ರಲ್ಲಿ ಇಲ್ಲಿ ಚೆರೋಕಿ ಅನ್ನುವ ಮೂಲನಿವಾಸಿ ಜನರ ಹೆಣ್ಣುಮಕ್ಕಳಿಗೆ ವಸತಿ ಶಾಲೆ ಶುರುವಾಯಿತು, 1887ರಲ್ಲಿ ಸುಟ್ಟುಹೋಯಿತು.

ಅಮೆರಿಕದ ಮೂಲನಿವಾಸಿಗಳ ವಸತಿ ಶಾಲೆ ಅಂದರೆ ಸರ್ಕಾರ ಮಕ್ಕಳನ್ನು ಎಳೆದೊಯ್ದು, ಜಡೆ ಕತ್ತರಿಸಿ ಕೂರಿಸಿದ ಜಾಗ ಅಂತಲೇ ನಾನು ತಿಳಿದಿದ್ದೆ. ಆದರೆ ಇದನ್ನು ಕಟ್ಟಿಸಿದ್ದು ಚೆರೋಕಿಗಳೇ, ಅವರದೇ ದುಡ್ಡಿನಲ್ಲಿ. 1838ರಲ್ಲಿ ಅಮೆರಿಕದ ಸೈನ್ಯ ಅವರನ್ನು ಮನೆಗಳಿಂದ ಹೊರಗೆಳೆದು ಈ ಕಡೆಗೆ ಅಟ್ಟಿತ್ತು, ಸುಮಾರು 4000 ಜನ ಸತ್ತರು ಅನ್ನುತ್ತಾರೆ. ಅದಾಗಿ ಹದಿಮೂರೇ ವರ್ಷಕ್ಕೆ ಇಂಥ ಶಾಲೆ, ಅದೂ ಹೆಣ್ಣುಮಕ್ಕಳಿಗೆ!

ಆದರೆ ಕರುಳು ಚುರ್ ಅಂದಿದ್ದು ಬೇರೆ ವಿಷಯಕ್ಕೆ. ಪಾಠದಲ್ಲಿ ಲ್ಯಾಟಿನ್ ಇತ್ತು, ಬೀಜಗಣಿತ ಇತ್ತು, ಚೆರೋಕಿ ಭಾಷೆ ಮಾತ್ರ ಇರಲಿಲ್ಲ. ಲಿಪಿ ಇಲ್ಲದ ಭಾಷೆಯೂ ಅಲ್ಲ ಅದು. ಇಂಗ್ಲಿಷ್ ಓದಲು ಬಾರದ ಸೆಕ್ವೋಯಾ ಅನ್ನುವವರು 1821ರಷ್ಟೊತ್ತಿಗೇ ಅದಕ್ಕೆ ಅಕ್ಷರ ಮಾಡಿದ್ದರು. ಒಟ್ಟು 85. ನಮ್ಮ ಕಾಗುಣಿತದ ಹಾಗೆ ಒಂದೊಂದು ಉಚ್ಚಾರಕ್ಕೆ ಒಂದೊಂದು, ಆದರೆ ಒಂದೇ ವ್ಯಂಜನದ ಅಕ್ಷರಗಳಿಗೂ ಒಂದಕ್ಕೊಂದು ಹೋಲಿಕೆ ಇರುವುದಿಲ್ಲ, ಎಲ್ಲವನ್ನೂ ಬೇರೆಬೇರೆಯಾಗಿಯೇ ಕಲಿಯಬೇಕು. ಜನ ಎಷ್ಟು ಬೇಗ ಕಲಿತರು ಅಂದರೆ, 1828ಕ್ಕೆಲ್ಲ ಅದರಲ್ಲೇ ಪತ್ರಿಕೆ ಬರುತ್ತಿತ್ತು. ಅಂಥ ಜನ ಕೂಡ ಮಕ್ಕಳು ಬಿಳಿಯರ ಮಧ್ಯೆ ಬದುಕಬೇಕಲ್ಲ ಅಂತ ಇಂಗ್ಲಿಷನ್ನೇ ಆರಿಸಿಕೊಂಡರು. ಅವರನ್ನು ತಪ್ಪು ಅನ್ನಲು ನನಗೆ ಬಾಯಿ ಬರುತ್ತಿಲ್ಲ.

ಈ ಕಡೆಗೆ ಬರದೆ ಹಳೆಯ ನೆಲದಲ್ಲೇ, ನಾರ್ತ್ ಕ್ಯಾರೊಲಿನಾದಲ್ಲಿ ಉಳಿದುಕೊಂಡ ಚೆರೋಕಿಗಳಿಗೆ ಆರಿಸಿಕೊಳ್ಳುವ ಅವಕಾಶವೂ ಸಿಗಲಿಲ್ಲ. ಅಲ್ಲಿನ ವಸತಿ ಶಾಲೆಯನ್ನು 1954ರವರೆಗೂ ಅಮೆರಿಕದ ಕೇಂದ್ರ ಸರ್ಕಾರವೇ ನಡೆಸಿತು. ಮನೆಮಾತು ಆಡಿದರೆ ಬಾಯಿಗೆ ಸೋಪು ಹಾಕಿ ತೊಳೆಯುತ್ತಿದ್ದರು ಅಂತ ಅಲ್ಲಿ ಓದಿದ ಹಿರಿಯರು ಹೇಳಿದ್ದಾರೆ. ಸುಮ್ನೆ ಯೋಚನೆ ಮಾಡಿ, ಆ ಸೋಪಿನ ರುಚಿ ನಾಲಿಗೆ ಮೇಲೆ ಇಟ್ಟುಕೊಂಡು ದೊಡ್ಡವಳಾದ ತಾಯಿ ತನ್ನ ಮಗುವಿಗೆ ಆ ಭಾಷೆ ಹೇಗೆ ಕಲಿಸುತ್ತಾಳೆ? ತುಂಬಾ ಜನ ಕಲಿಸಲಿಲ್ಲ. 2019ರ ಹೊತ್ತಿಗೆ ಚೆರೋಕಿ ಸರಾಗವಾಗಿ ಮಾತಾಡುವವರು ಸುಮಾರು 2000 ಜನ ಇದ್ದರು, ಹೆಚ್ಚಿನವರು ವಯಸ್ಸಾದವರೇ.

ಈ ಶಾಲೆ ಸುಟ್ಟ ಮೇಲೆ ಪಕ್ಕದ ತಾಲೆಕ್ವಾದಲ್ಲಿ 1889ರಲ್ಲಿ ಹೊಸದು ಕಟ್ಟಿದರು. ಗಡಿಯಾರದ ಗೋಪುರ ಇರುವ ಆ ಕಟ್ಟಡ ಈಗ ವಿಶ್ವವಿದ್ಯಾಲಯದ್ದು, ಅದೇ ವಿಶ್ವವಿದ್ಯಾಲಯ ಚೆರೋಕಿ ಕಲಿಸುವ ಮೇಷ್ಟ್ರುಗಳನ್ನು ತಯಾರು ಮಾಡುತ್ತದೆ. ಅದೇ ಊರಲ್ಲಿ 2001ರಿಂದ ಪುಟ್ಟ ಮಕ್ಕಳಿಗೆ ಎಲ್ಲವನ್ನೂ ಚೆರೋಕಿಯಲ್ಲೇ ಕಲಿಸುವ ಶಾಲೆಯೂ ಇದೆ. ನಾನೀಗ ಅಲ್ಲಿಗೇ ಹೊರಟಿದ್ದೇನೆ. ದಾರಿಯಲ್ಲಿ ಈ ಬೀದಿ ಫಲಕ ನೋಡಿ, ಇಂಗ್ಲಿಷ್ ಹೆಸರಿನ ಜೊತೆಗೇ ಸೆಕ್ವೋಯಾ ಮಾಡಿದ ಅಕ್ಷರಗಳು.