ಬಲಬದಿಯ ಎಡಗಾಲು: ಆಂಡ್ರಿ ಯಾರ್ಮೊಲೆಂಕೊ ಆಟದ ಬದುಕು

ಎಲ್ಲರಿಗೂ ನಮಸ್ಕಾರ. ಭಾನುವಾರ ಬೆಳಗ್ಗೆ, ಅದೂ ಉಕ್ರೇನಿನ ಫುಟ್‌ಬಾಲ್ ಆಟಗಾರನೊಬ್ಬನ ಬಗ್ಗೆ ಕೇಳಲು ಇಷ್ಟು ಜನ ಬರುತ್ತೀರಿ ಅಂತ ಸಂಘಟಕರೂ ಅಂದುಕೊಂಡಿರಲಿಲ್ಲ. ಹಿಂದೆ ನಿಂತವರು ಮುಂದೆ ಬಂದು ಜಮಖಾನದ ಮೇಲೆ ಕೂರಬಹುದು. ಸಂಕೋಚ ಬೇಡ.

ಆಂಡ್ರಿ ಯಾರ್ಮೊಲೆಂಕೊ. ಮೆಸ್ಸಿ, ರೊನಾಲ್ಡೊ ಬಿಟ್ಟು ಬೇರೆ ಹೆಸರು ಕೇಳದವರಿಗೆ ಇವನು ಅಪರಿಚಿತ. ಇಂಗ್ಲೆಂಡಿನ ವೆಸ್ಟ್ ಹ್ಯಾಮ್ ಕ್ಲಬ್‌ನ ಪಂದ್ಯಗಳಿಗೆ ನಿದ್ದೆಗೆಟ್ಟವರಿಗೆ ಚೆನ್ನಾಗಿ ಗೊತ್ತು. ನಾನು ಏಕವಚನದಲ್ಲೇ ಮಾತಾಡುತ್ತೇನೆ. ಮೆಚ್ಚಿನ ಆಟಗಾರರನ್ನು ನಾವೆಲ್ಲ ಹಾಗೇ ತಾನೇ ಕರೆಯುವುದು?

ನಾನು ಹೇಳಬೇಕೆಂದು ಬಂದಿರುವುದು ಇಷ್ಟು. ಇವನ ಹತ್ತಿರ ಇದ್ದದ್ದು ಒಂದೇ ವಿದ್ಯೆ. ಬಲಬದಿಯಲ್ಲಿ ಚೆಂಡು ಸಿಗಬೇಕು, ಒಳಗೆ ತಿರುಗಬೇಕು, ಎಡಗಾಲಲ್ಲಿ ದೂರದ ಮೂಲೆಗೆ ಬಾಗಿಸಿ ಹೊಡೆಯಬೇಕು. ಎದುರಾಳಿ ಡಿಫೆಂಡರ್‌ಗೂ ಗೊತ್ತು, ಗೋಲ್‌ಕೀಪರ್‌ಗೂ ಗೊತ್ತು, ಗ್ಯಾಲರಿಯಲ್ಲಿ ಕೂತ ಮಗುವಿಗೂ ಗೊತ್ತು. ಆದರೂ ಇವನು ವರ್ಷಗಟ್ಟಲೆ ಅದರಲ್ಲೇ ಗೋಲು ಹೊಡೆದ. ಅದು ಹೇಗೆ, ಮತ್ತು ಅದರಿಂದ ಅವನಿಗೆ ಏನು ಸಿಕ್ಕಿತು, ಏನು ಸಿಗಲಿಲ್ಲ ಅನ್ನುವುದೇ ಇವತ್ತಿನ ಮಾತು.

ವಿಂಗರ್ ಅಂದರೆ ಸೈಡ್‌ಲೈನ್ ಪಕ್ಕದಲ್ಲಿ ಆಡುವವನು. ಹಳೆಯ ಕಾಲದಲ್ಲಿ ಲೆಕ್ಕ ಸರಳವಾಗಿತ್ತು. ಬಲಗಾಲಿನವನು ಬಲಕ್ಕೆ, ಎಡಗಾಲಿನವನು ಎಡಕ್ಕೆ. ಗೆರೆ ಹಿಡಿದು ಓಡು, ಚೆಂಡನ್ನು ಗೋಲಿನ ಮುಂದಕ್ಕೆ ಎತ್ತಿ ಹಾಕು, ಅಲ್ಲಿ ಎತ್ತರದವನೊಬ್ಬ ತಲೆ ಕೊಡುತ್ತಾನೆ. ಆಮೇಲೆ ಕೋಚ್‌ಗಳು ಇದನ್ನು ತಿರುಗಿಸಿಟ್ಟರು. ಎಡಗಾಲಿನವನನ್ನು ಬಲಕ್ಕೆ ನಿಲ್ಲಿಸಿದರೆ ಅವನು ಗೆರೆಗುಂಟ ಓಡುವ ಬದಲು ಒಳಗೆ ನುಗ್ಗುತ್ತಾನೆ, ಅವನ ಒಳ್ಳೆಯ ಕಾಲು ನೇರ ಗೋಲಿನ ಕಡೆಗೇ ತೆರೆದುಕೊಳ್ಳುತ್ತದೆ. ಹಾಲೆಂಡಿನ ಅರ್ಯೆನ್ ರಾಬೆನ್ ಇದರಲ್ಲಿ ಹೆಸರು ಮಾಡಿದವನು. ಯಾರ್ಮೊಲೆಂಕೊ ಅದೇ ಜಾತಿಯ ಆಟಗಾರ. ಒಂದೇ ವ್ಯತ್ಯಾಸ ಅಂದರೆ ಇವನು ಆರಡಿ ಎರಡಂಗುಲ ಎತ್ತರ. ವಿಂಗರ್‌ಗಳಲ್ಲಿ ಅಷ್ಟು ಎತ್ತರದವರು ಕಡಿಮೆ. ದೂರದಿಂದ ನೋಡಿದರೆ ಓಡುತ್ತಿದ್ದಾನೋ ಸುಮ್ನೆ ನಡೆಯುತ್ತಿದ್ದಾನೋ ಗೊತ್ತಾಗುವುದಿಲ್ಲ.

ಕೀವ್ ನಗರಕ್ಕೆ ವಿಂಗರ್‌ಗಳ ಹುಚ್ಚು ಹಳೆಯದು. ಡೈನಮೊ ಕೀವ್ ತಂಡವನ್ನು ಕಟ್ಟಿದ ಮಹಾ ಕೋಚ್ ವಲೇರಿ ಲೊಬನೊವ್‌ಸ್ಕಿ ಸ್ವತಃ ಎಡ ವಿಂಗರ್. ಕಾರ್ನರ್ ಕಿಕ್ಕನ್ನು ನೇರವಾಗಿ ಗೋಲಿನೊಳಕ್ಕೇ ಬಾಗಿಸುತ್ತಿದ್ದವನು. ಅವನ ಶಿಷ್ಯ ಒಲೆಗ್ ಬ್ಲೊಖಿನ್ ಎಡಬದಿಯಿಂದ ಮಿಂಚಿನಂತೆ ಬರುತ್ತಿದ್ದ. 1975ರಲ್ಲಿ ಯುರೋಪಿನ ವರ್ಷದ ಶ್ರೇಷ್ಠ ಆಟಗಾರನಿಗೆ ಕೊಡುವ ಬ್ಯಾಲನ್ ಡಿ'ಓರ್ ಗೆದ್ದ. ಸೋವಿಯತ್ ಲೀಗ್‌ನಲ್ಲಿ 211 ಗೋಲು, ಆ ದಾಖಲೆಯನ್ನು ಯಾರೂ ಮುರಿಯಲಿಲ್ಲ. ಮುರಿಯಲು ಈಗ ಆ ದೇಶವೂ ಇಲ್ಲ, ಆ ಲೀಗೂ ಇಲ್ಲ. ಇದೇ ಬ್ಲೊಖಿನ್ ಮುಂದೆ ರಾಷ್ಟ್ರೀಯ ತಂಡದಲ್ಲೂ ಡೈನಮೊದಲ್ಲೂ ಯಾರ್ಮೊಲೆಂಕೊಗೆ ಕೋಚ್ ಆದ.

ಯಾರ್ಮೊಲೆಂಕೊ ಹುಟ್ಟಿದ್ದು 1989ರ ಅಕ್ಟೋಬರ್ 23ರಂದು, ಲೆನಿನ್‌ಗ್ರಾಡ್‌ನಲ್ಲಿ. ಈಗ ಅದು ಸೇಂಟ್ ಪೀಟರ್ಸ್‌ಬರ್ಗ್, ರಷ್ಯಾ. ಚಿಕ್ಕವನಿದ್ದಾಗಲೇ ಮನೆಯವರು ಚೆರ್ನಿಹಿವ್‌ಗೆ ಬಂದು ನೆಲೆಸಿದರು. ಕೀವ್‌ನಿಂದ ಉತ್ತರಕ್ಕೆ, ಡೆಸ್ನಾ ನದಿಯ ದಂಡೆಯ ಹಳೆಯ ಊರು ಅದು. ಬೆಲಾರುಸ್ ಗಡಿಯೂ ಹತ್ತಿರ, ರಷ್ಯಾ ಗಡಿಯೂ ಹತ್ತಿರ. ಈ ಭೂಗೋಳವನ್ನು ನೆನಪಿಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತದೆ.

ಹದಿಮೂರರ ವಯಸ್ಸಿಗೆ ಡೈನಮೊ ಅಕಾಡೆಮಿ ಸೇರಿದ. ವರ್ಷ ತುಂಬುವ ಹೊತ್ತಿಗೆ ವಾಪಸ್ ಊರಿಗೆ. ಅಲ್ಲಿನ ತರಬೇತಿ ತಡೆದುಕೊಳ್ಳಲು ಆಗಲಿಲ್ಲ. ಎಷ್ಟೋ ಹುಡುಗರ ಆಟ ಇಲ್ಲಿಗೇ ಮುಗಿದುಹೋಗುತ್ತದೆ, ಅಲ್ವಾ? ಇವನು ಊರಿನ ಡೆಸ್ನಾ ಕ್ಲಬ್ ಸೇರಿ ಒಂಬತ್ತು ಪಂದ್ಯಗಳಲ್ಲಿ ನಾಲ್ಕು ಗೋಲು ಹೊಡೆದ. ಡೈನಮೊ ಮತ್ತೆ ಕರೆಯಿತು. 2008ರ ಮೇ 11ರಂದು ಹಿರಿಯರ ತಂಡಕ್ಕೆ ಮೊದಲ ಪಂದ್ಯ, ಪೊಲ್ಟಾವಾದ ವೋರ್ಸ್ಕ್ಲಾ ವಿರುದ್ಧ. ಗೆಲುವಿನ ಗೋಲು ಇವನದೇ. ಪತ್ರಿಕೆಗಳು ತಡಮಾಡದೆ 'ಹೊಸ ಶೆವ್ಚೆಂಕೊ' ಅಂದುಬಿಟ್ಟವು. ಆಂಡ್ರಿ ಶೆವ್ಚೆಂಕೊ ಅಂದರೆ ದೇಶಕ್ಕಾಗಿ ಅತಿ ಹೆಚ್ಚು ಗೋಲು ಹೊಡೆದ ಉಕ್ರೇನಿನ ಆಟಗಾರ. ಆ ಕಾಲದಲ್ಲಿ ಉಕ್ರೇನಿನಲ್ಲಿ ಎರಡು ಗೋಲು ಹೊಡೆದ ಹುಡುಗರಿಗೆಲ್ಲ ಈ ಬಿರುದು ಸಿಗುತ್ತಿತ್ತು. 2009ರ ಸೆಪ್ಟೆಂಬರ್‌ನಲ್ಲಿ ಅಂಡೋರಾ ವಿರುದ್ಧ ದೇಶಕ್ಕಾಗಿ ಮೊದಲ ಆಟ, ಅಲ್ಲೂ ಗೋಲು. 2011ರಲ್ಲಿ ಖಾರ್ಕಿವ್‌ನಲ್ಲಿ ಉರುಗ್ವೆ ವಿರುದ್ಧ ಪಂದ್ಯ ಶುರುವಾದ 14ನೇ ಸೆಕೆಂಡಿಗೇ ಒಂದು. ಜನ ಇನ್ನೂ ಕುರ್ಚಿ ಹುಡುಕುತ್ತಿದ್ದರು.

ಇವನ ಬಗ್ಗೆ ಹೇಳುವಾಗ ಯೆವ್ಹೆನ್ ಕೊನೊಪ್ಲ್ಯಾಂಕಾನನ್ನು ಬಿಡಲಾಗದು. ಇಬ್ಬರೂ 1989ರ ಶರತ್ಕಾಲದಲ್ಲಿ, ಒಂದು ತಿಂಗಳ ಅಂತರವೂ ಇಲ್ಲದೆ ಹುಟ್ಟಿದವರು. ಅವನು ಬಲಗಾಲಿನವನು, ಎಡಬದಿಯಲ್ಲಿ. ಇವನು ಎಡಗಾಲಿನವನು, ಬಲಬದಿಯಲ್ಲಿ. ಇಬ್ಬರೂ ಒಳಗೆ ತಿರುಗುವವರೇ. ಉಕ್ರೇನ್ ಐದಾರು ವರ್ಷ ಈ ಜೋಡಿಯ ಮೇಲೇ ಬದುಕಿತು. ಕೊನೊಪ್ಲ್ಯಾಂಕಾ ಚುರುಕು, ಚೆಂಡಿನ ಜೊತೆ ಜಾಸ್ತಿ ಕುಣಿಯುವವನು. ಉಕ್ರೇನಿನ ಡ್ನಿಪ್ರೊ ತಂಡವನ್ನು 2015ರ ಯುರೋಪಾ ಲೀಗ್, ಅಂದರೆ ಯುರೋಪಿನ ಕ್ಲಬ್‌ಗಳ ಎರಡನೇ ದೊಡ್ಡ ಟೂರ್ನಿಯ ಫೈನಲ್‌ವರೆಗೆ ತಂದು, ಅಲ್ಲಿ ಸ್ಪೇನಿನ ಸೆವಿಯ್ಯಾ ವಿರುದ್ಧ ಸೋತು, ಆಮೇಲೆ ಅದೇ ಸೆವಿಯ್ಯಾ ಸೇರಿ ಮರುವರ್ಷ ಕಪ್ ಎತ್ತಿದ. ಯಾರ್ಮೊಲೆಂಕೊ ಮಾತ್ರ ಕೀವ್‌ನಲ್ಲೇ ಉಳಿದ.

ಉಳಿದದ್ದು ಸರಿಯೋ ತಪ್ಪೋ? ಡೈನಮೊಗೆ 130ಕ್ಕೂ ಹೆಚ್ಚು ಗೋಲು ಕೊಟ್ಟ. 2015, 2016 ಎರಡೂ ವರ್ಷ ಲೀಗ್ ಗೆದ್ದುಕೊಟ್ಟ. ದೇಶದ ವರ್ಷದ ಆಟಗಾರ ಪ್ರಶಸ್ತಿ ಮತ್ತೆ ಮತ್ತೆ ಅವನ ಮನೆಗೇ ಹೋಯಿತು. ಸ್ಲೊವೇನಿಯಾ ವಿರುದ್ಧದ ಪ್ಲೇ-ಆಫ್‌ನ, ಅಂದರೆ ಅರ್ಹತೆ ನಿರ್ಧರಿಸುವ ಸುತ್ತಿನ ಎರಡೂ ಪಂದ್ಯಗಳಲ್ಲಿ ಗೋಲು ಹೊಡೆದು ಉಕ್ರೇನನ್ನು 2016ರ ಯುರೋ ಕಪ್‌ಗೆ ಸೇರಿಸಿದ. ಆದರೆ 27 ತುಂಬುವವರೆಗೂ ಅಲ್ಲೇ ಕೂತದ್ದು ತಡವಾಯಿತು ಅಂತಲೇ ನನ್ನ ಅಭಿಪ್ರಾಯ. ವಾರವಾರ ಗಟ್ಟಿ ಡಿಫೆಂಡರ್‌ಗಳ ಎದುರು ಆಡಿದ್ದರೆ ಎರಡನೇ ವಿದ್ಯೆಯೊಂದನ್ನು ಕಲಿಯಲೇಬೇಕಾಗುತ್ತಿತ್ತು. ಉಕ್ರೇನಿನ ಲೀಗ್‌ನಲ್ಲಿ ಆ ಅಗತ್ಯ ಬೀಳಲಿಲ್ಲ.

2016 ಅವನಿಗೆ ಕೆಟ್ಟ ವರ್ಷ. ಮೇ ತಿಂಗಳಲ್ಲಿ ಲ್ವಿವ್‌ನಲ್ಲಿ ಶಖ್ತಾರ್ ವಿರುದ್ಧ ಪಂದ್ಯ. ಡೊನೆಟ್ಸ್ಕ್‌ನ ಶಖ್ತಾರ್ ತಂಡ 2014ರ ಯುದ್ಧದಿಂದ ಊರು ಬಿಟ್ಟು ಅಲ್ಲಿ ಆಡುತ್ತಿತ್ತು. ಶಖ್ತಾರ್‌ನ ತರಾಸ್ ಸ್ಟೆಪಾನೆಂಕೊ ಡೈನಮೊ ಅಭಿಮಾನಿಗಳ ಮುಂದೆ ತನ್ನ ಕ್ಲಬ್‌ನ ಬ್ಯಾಡ್ಜ್‌ಗೆ ಮುತ್ತಿಟ್ಟ. ಯಾರ್ಮೊಲೆಂಕೊ ಒದ್ದ. ಎರಡೂ ತಂಡದವರು ಮೈದಾನದಲ್ಲೇ ಕೈಕೈ ಮಿಲಾಯಿಸಿದರು. ಮುಂದಿನ ತಿಂಗಳು ಇಬ್ಬರೂ ಒಂದೇ ತಂಡದಲ್ಲಿ ಯುರೋ ಆಡಬೇಕು! ರಾಜಿಯಾದರು, ತಬ್ಬಿಕೊಂಡರು. ಆದರೆ ಫ್ರಾನ್ಸ್‌ನಲ್ಲಿ ಉಕ್ರೇನ್ ಆಡಿದ್ದು ಮೂರು ಪಂದ್ಯ, ಮೂರೂ ಸೋಲು, ಒಂದು ಗೋಲೂ ಇಲ್ಲ. ಹೆಸರಾಂತ ಜೋಡಿಯನ್ನು ಜರ್ಮನಿಯೂ ಕಟ್ಟಿಹಾಕಿತು, ಉತ್ತರ ಐರ್ಲೆಂಡೂ ಕಟ್ಟಿಹಾಕಿತು.

2017ರ ಆಗಸ್ಟ್‌ನಲ್ಲಿ ಕೊನೆಗೂ ಹೊರಟ. ಜರ್ಮನಿಯ ಬೊರುಸಿಯಾ ಡಾರ್ಟ್ಮಂಡ್, ಸುಮಾರು 2.5 ಕೋಟಿ ಯೂರೊ. ಬಾರ್ಸಿಲೋನಾಕ್ಕೆ ಹೋದ ಡೆಂಬೆಲೆಯ ಜಾಗ ತುಂಬಬೇಕಿತ್ತು. ಸೆಪ್ಟೆಂಬರ್ 13, ವೆಂಬ್ಲಿ, ಟಾಟನ್‌ಹ್ಯಾಮ್ ವಿರುದ್ಧ ಚಾಂಪಿಯನ್ಸ್ ಲೀಗ್ ಪಂದ್ಯ. 11ನೇ ನಿಮಿಷದ ಆ ಗೋಲನ್ನು ನೀವು ಒಮ್ಮೆ ನೋಡಬೇಕು. ಬಲಬದಿಯಿಂದ ಒಳಗೆ ಬರುತ್ತಾನೆ, ಜೊತೆ ಆಟಗಾರ ಕಗಾವಾಗೆ ಕೊಟ್ಟು ಮರಳಿ ಪಡೆಯುತ್ತಾನೆ, ನಿಂತ ಭಂಗಿಯಲ್ಲೇ ಎಡಗಾಲು ಬೀಸುತ್ತಾನೆ. ಚೆಂಡು ಮೊದಲು ಗೋಲಿನ ಹೊರಗೆ ಹೊರಟಂತೆ ಕಾಣುತ್ತದೆ. ಆಮೇಲೆ ಒಳಗೆ ಬಾಗುತ್ತದೆ, ಮೇಲಿನ ಮೂಲೆ. ಹ್ಯೂಗೊ ಲೋರಿಸ್‌ನಂಥ ಕೀಪರ್ ಹಾರಿದರೂ ಪ್ರಯೋಜನವಾಗಲಿಲ್ಲ. ಡಾರ್ಟ್ಮಂಡ್ ಆ ಪಂದ್ಯ 3-1ರಲ್ಲಿ ಸೋತಿತು, ಅದು ಬೇರೆ ಮಾತು.

ಜರ್ಮನಿಯಲ್ಲಿ ಒಂದೇ ಸೀಸನ್. ಗಾಯ, ಕೋಚ್ ಬದಲಾವಣೆ, ಹೀಗೆ. 2018ರಲ್ಲಿ ಲಂಡನ್ನಿನ ವೆಸ್ಟ್ ಹ್ಯಾಮ್. ಸೆಪ್ಟೆಂಬರ್‌ನಲ್ಲಿ ಎವರ್ಟನ್ ವಿರುದ್ಧ ಎರಡು ಗೋಲು. ಎಲ್ಲ ಸರಿಹೋಯಿತು ಅನ್ನುವಷ್ಟರಲ್ಲಿ ಅಕ್ಟೋಬರ್ 20ರಂದು, ಅದೇ ಟಾಟನ್‌ಹ್ಯಾಮ್ ವಿರುದ್ಧ, ಹಿಮ್ಮಡಿಯ ಮೇಲಿನ ಅಕಿಲಿಸ್ ಸ್ನಾಯುರಜ್ಜು ಹರಿಯಿತು. ಸೀಸನ್ ಮುಗಿದಂತೆಯೇ.

ಇಲ್ಲಿ ಸ್ವಲ್ಪ ನಿಲ್ಲೋಣ. ಬೇರೆ ಆಟಗಾರನಿಗೆ ಈ ಗಾಯವಾದರೆ ವೇಗ ಕಡಿಮೆಯಾಗುತ್ತದೆ, ಅನುಭವದಲ್ಲಿ ಸರಿದೂಗಿಸುತ್ತಾನೆ. ಇವನ ಆಟ ನಿಂತದ್ದೇ ಒಂದು ತಿರುವಿನ ಮೇಲೆ. ಪೂರ್ತಿ ಓಟದಲ್ಲಿ ಬಂದು, ಒಂದು ಕಾಲ ಮೇಲೆ ಗಕ್ಕನೆ ನಿಂತು, ಮೈಯನ್ನು ಒಳಗೆ ಹೊರಳಿಸಿ, ಮತ್ತೆ ಚಿಮ್ಮಬೇಕು. ಆ ಚಿಮ್ಮುವಿಕೆ ಹುಟ್ಟುವುದೇ ಹಿಮ್ಮಡಿಯ ಆ ಸ್ನಾಯುರಜ್ಜುವಿನಲ್ಲಿ. 29 ತುಂಬುವ ಮೂರು ದಿನ ಮುಂಚೆ ಅದು ಹೋಯಿತು. ವಾಪಸ್ ಬಂದ ಮೇಲೆ ಗೋಲು ಹೊಡೆಯಲಿಲ್ಲ ಅಂತಲ್ಲ. ಮ್ಯಾಂಚೆಸ್ಟರ್ ಯುನೈಟೆಡ್ ವಿರುದ್ಧ ಹೊಡೆದ. 2020ರ ಜುಲೈ 1ರಂದು, ಖಾಲಿ ಸ್ಟೇಡಿಯಂನಲ್ಲಿ, ಚೆಲ್ಸಿ ವಿರುದ್ಧ 89ನೇ ನಿಮಿಷದಲ್ಲಿ ಹೊಡೆದ ಗೆಲುವಿನ ಗೋಲು ವೆಸ್ಟ್ ಹ್ಯಾಮ್‌ಗೆ ಕೆಳಗಿನ ದರ್ಜೆಗೆ ಇಳಿಯದೆ ಲೀಗ್‌ನಲ್ಲಿ ಉಳಿಯಲು ದೊಡ್ಡ ಆಸರೆಯಾಯಿತು. ಅಲ್ಲೂ ಅದೇ ತಿರುವು, ಅದೇ ಎಡಗಾಲು. ಆದರೆ ಈಗ ಅದನ್ನು ಪೂರ್ತಿ ಪಂದ್ಯ ಮಾಡುವ ಶಕ್ತಿ ಇರಲಿಲ್ಲ. ಬೆಂಚಿನಿಂದ ಬಂದು ಒಮ್ಮೆ ಮಾಡುತ್ತಿದ್ದ.

2021ರ ಯುರೋದಲ್ಲಿ ಹಳೆಯ ಯಾರ್ಮೊಲೆಂಕೊ ಮತ್ತೆ ಕಾಣಿಸಿದ. ಆಮ್‌ಸ್ಟರ್‌ಡ್ಯಾಮ್‌ನಲ್ಲಿ ನೆದರ್‌ಲ್ಯಾಂಡ್ಸ್ ವಿರುದ್ಧ ದೂರದಿಂದ ಬಾಗಿಸಿದ ಗೋಲು ವೆಂಬ್ಲಿಯದರ ಅಣ್ಣನ ಹಾಗಿತ್ತು. ಸ್ವೀಡನ್ ವಿರುದ್ಧ ಪಾದದ ಹೊರಅಂಚಿನಿಂದ ಜೊತೆ ಆಟಗಾರ ಜಿಂಚೆಂಕೊಗೆ ಹಾಕಿಕೊಟ್ಟ ಕ್ರಾಸ್ ಇನ್ನೂ ಚೆಂದ. ಉಕ್ರೇನ್ ಮೊದಲ ಬಾರಿ ಯುರೋ ಕ್ವಾರ್ಟರ್‌ಫೈನಲ್ ತಲುಪಿತು. ಆ ದಿನಗಳಲ್ಲೇ ರೊನಾಲ್ಡೊ ಪತ್ರಿಕಾಗೋಷ್ಠಿಯಲ್ಲಿ ಕೋಕಾ ಕೋಲಾ ಬಾಟಲಿ ಪಕ್ಕಕ್ಕಿಟ್ಟು ಸುದ್ದಿಯಾಗಿದ್ದ. ಇವನು ಬಂದು ಎಲ್ಲ ಬಾಟಲಿಗಳನ್ನೂ ತನ್ನ ಮುಂದಕ್ಕೆ ಎಳೆದುಕೊಂಡ. ಕಂಪನಿಯವರು ನನ್ನನ್ನು ಸಂಪರ್ಕಿಸಲಿ ಅಂತ ನಕ್ಕ.

ಎಂಟು ತಿಂಗಳ ನಂತರ, 2022ರ ಫೆಬ್ರವರಿ 24, ರಷ್ಯಾದ ಪೂರ್ಣ ಪ್ರಮಾಣದ ಯುದ್ಧ ಶುರುವಾಯಿತು. ಮಾರ್ಚ್ 1ರಂದು ಖಾರ್ಕಿವ್‌ನಲ್ಲಿ ದಿನಸಿ ತರಲು ಹೋಗಿದ್ದ ನಮ್ಮ ಹಾವೇರಿ ಜಿಲ್ಲೆಯ ವೈದ್ಯಕೀಯ ವಿದ್ಯಾರ್ಥಿ ದಾಳಿಗೆ ಬಲಿಯಾದದ್ದು ನಿಮಗೆಲ್ಲ ನೆನಪಿದೆ. ಉಕ್ರೇನಿನ ಊರುಗಳ ಹೆಸರು ನಮ್ಮ ಮನೆಮನೆಗೆ ಬಂದದ್ದೇ ಆಗ. ಚೆರ್ನಿಹಿವ್ ಆಗ ಮುತ್ತಿಗೆಯಲ್ಲಿತ್ತು. ನಾನು ನೆನಪಿಟ್ಟುಕೊಳ್ಳಿ ಅಂದ ಗಡಿಗಳಿಂದ ಸೈನ್ಯ ಅತ್ತ ನುಗ್ಗಿತ್ತು. ವೆಸ್ಟ್ ಹ್ಯಾಮ್ ಅವನಿಗೆ ರಜೆ ಕೊಟ್ಟಿತು. ರಷ್ಯಾದ ಆಟಗಾರರು ಯಾಕೆ ಬಾಯಿ ಬಿಡುತ್ತಿಲ್ಲ ಅಂತ ವಿಡಿಯೊ ಮಾಡಿ ಕೇಳಿದ. ಉಕ್ರೇನ್ ಪರ ಅತಿ ಹೆಚ್ಚು ಪಂದ್ಯ ಆಡಿದ ಅನಾಟೊಲಿ ಟಿಮೊಶ್ಚುಕ್ ರಷ್ಯಾದ ಕ್ಲಬ್‌ನಲ್ಲಿ ಕೋಚ್ ಆಗಿದ್ದುಕೊಂಡು ಮೌನವಾಗಿದ್ದ. ರಷ್ಯಾದ ನೆಲದಲ್ಲಿ ಹುಟ್ಟಿದ ಇವನು ಮಾತಾಡಿದ.

ಮಾರ್ಚ್ 11ರಂದು ಬಾಂಬ್ ಬಿದ್ದು ಚೆರ್ನಿಹಿವ್‌ನ ಸ್ಟೇಡಿಯಂ ಹಾಳಾಯಿತು. ಡೆಸ್ನಾ ಕ್ಲಬ್ ಆಡುತ್ತಿದ್ದ ಅಂಗಳ, ಇವನು ಮೊದಲ ಗೋಲುಗಳನ್ನು ಹೊಡೆದ ಊರಿನ ಅಂಗಳ. ಮಾರ್ಚ್ 13ರಂದು ಲಂಡನ್ನಿನಲ್ಲಿ ಆಸ್ಟನ್ ವಿಲ್ಲಾ ವಿರುದ್ಧ ಪಂದ್ಯ. ಜೊತೆ ಆಟಗಾರ ಆಂಟೋನಿಯೊ ಕುಂಟುತ್ತಾ ಹೊರಬಂದಾಗ ಇವನು ಒಳಗೆ ಹೋದ. 70ನೇ ನಿಮಿಷದಲ್ಲಿ ಪೆನಾಲ್ಟಿ ಬಾಕ್ಸ್‌ನಲ್ಲಿ ಚೆಂಡು ಸಿಕ್ಕಿತು, ತಿರುಗಿ ಹೊಡೆದ, ಗೋಲು. ಮಂಡಿಯೂರಿ ಅತ್ತ. ಎರಡೂ ಕಡೆಯ ಅಭಿಮಾನಿಗಳು ಎದ್ದು ಚಪ್ಪಾಳೆ ತಟ್ಟಿದರು. ನಾಲ್ಕು ದಿನ ಬಿಟ್ಟು ಸೆವಿಯ್ಯಾ ವಿರುದ್ಧ ಹೆಚ್ಚುವರಿ ಸಮಯದ 112ನೇ ನಿಮಿಷದಲ್ಲಿ ಇನ್ನೊಂದು, ವೆಸ್ಟ್ ಹ್ಯಾಮ್ ಯುರೋಪಾ ಲೀಗ್ ಕ್ವಾರ್ಟರ್‌ಫೈನಲ್‌ಗೆ ಹೋಯಿತು. ಅವನು ಆ ಕ್ಲಬ್‌ನಲ್ಲಿದ್ದ ನಾಲ್ಕು ವರ್ಷಗಳಲ್ಲಿ ಜನ ಇವತ್ತಿಗೂ ನೆನೆಯುವುದು ಈ ಐದು ದಿನಗಳನ್ನೇ.

ಜೂನ್‌ನಲ್ಲಿ ವಿಶ್ವಕಪ್ ಪ್ಲೇ-ಆಫ್. ದೇಶದಲ್ಲಿ ಲೀಗೇ ನಿಂತುಹೋಗಿತ್ತು. ಅರ್ಧ ತಂಡ ತಿಂಗಳುಗಟ್ಟಲೆ ನಿಜವಾದ ಪಂದ್ಯ ಆಡಿರಲಿಲ್ಲ. ಗ್ಲಾಸ್ಗೋದಲ್ಲಿ ಸ್ಕಾಟ್ಲೆಂಡ್ ವಿರುದ್ಧ 33ನೇ ನಿಮಿಷ. ಜೊತೆ ಆಟಗಾರ ಮಲಿನೊವ್‌ಸ್ಕಿ ಹಿಂದಿನಿಂದ ಉದ್ದ ಚೆಂಡು ಎತ್ತಿದ. ಯಾರ್ಮೊಲೆಂಕೊ ಒಂದೇ ಸ್ಪರ್ಶದಲ್ಲಿ ಅದನ್ನು ಹಿಡಿತಕ್ಕೆ ತಂದು, ಮುಂದೆ ಬಂದ ಕೀಪರ್ ತಲೆಯ ಮೇಲಿಂದ ಮೆಲ್ಲಗೆ ದಾಟಿಸಿದ. 3-1 ಗೆಲುವು. ಇನ್ನೊಂದು ಗೆದ್ದರೆ 2006ರ ನಂತರ ಮೊದಲ ವಿಶ್ವಕಪ್.

ಜೂನ್ 5, ಕಾರ್ಡಿಫ್, ವೇಲ್ಸ್ ವಿರುದ್ಧ. 34ನೇ ನಿಮಿಷದಲ್ಲಿ ವೇಲ್ಸ್‌ನ ಗ್ಯಾರೆತ್ ಬೇಲ್ ಫ್ರೀಕಿಕ್ ಹೊಡೆದ. ಕಾಪಾಡಲು ಹಿಂದೆ ಓಡಿಬಂದಿದ್ದ ಯಾರ್ಮೊಲೆಂಕೊ ಬಗ್ಗಿ ತಲೆ ಕೊಟ್ಟ. ಚೆಂಡು ಸ್ವಂತ ಗೋಲಿನೊಳಗೆ. ಪಂದ್ಯ 1-0, ಉಕ್ರೇನಿಗೆ ಸೋಲು, ವಿಶ್ವಕಪ್ ಕೈತಪ್ಪಿತು. ಅದನ್ನು ತಪ್ಪು ಅನ್ನುವವರ ಜೊತೆ ನನಗೆ ಜಗಳವಿದೆ. ಅವನು ಬಿಟ್ಟಿದ್ದರೆ ಆ ಚೆಂಡು ಎಲ್ಲಿಗೆ ಹೋಗುತ್ತಿತ್ತೋ ಯಾರೂ ಹೇಳಲಾರರು. ವಿಂಗರ್ ಒಬ್ಬ ಅಷ್ಟು ಹಿಂದೆ ಬಂದು ರಕ್ಷಣೆಗೆ ನಿಂತದ್ದೇ ದೊಡ್ಡದು. ಇಪ್ಪತ್ತೆರಡರ ವಯಸ್ಸಿನ ಯಾರ್ಮೊಲೆಂಕೊ ಆಗಿದ್ದರೆ ಅಲ್ಲಿ ಇರುತ್ತಲೇ ಇರಲಿಲ್ಲ.

ಆಮೇಲಿನದು ಬೇಗ ಹೇಳಿ ಮುಗಿಸುತ್ತೇನೆ. ಒಂದು ವರ್ಷ ಯುಎಇಯ ಅಲ್ ಐನ್. 2023ರಲ್ಲಿ ಡೈನಮೊಗೆ ವಾಪಸ್. ದುಡ್ಡಿಗಾಗಿ ಕೊಲ್ಲಿಯಲ್ಲೇ ಇನ್ನೂ ಕೂರಬಹುದಿತ್ತು. ಇವನು ಸೈರನ್ ಮೊಳಗಿದರೆ ಪಂದ್ಯ ನಿಲ್ಲಿಸಿ ನೆಲಮಾಳಿಗೆಗೆ ಇಳಿಯಬೇಕಾದ ಲೀಗ್‌ಗೆ ಮರಳಿದ. 2024ರ ಯುರೋ ಆಡಿದ, 2025ರಲ್ಲಿ ಡೈನಮೊ ಜೊತೆ ಮತ್ತೆ ಲೀಗ್ ಚಾಂಪಿಯನ್ ಆದ. ಊರಿನ ಡೆಸ್ನಾ ಕ್ಲಬ್‌ಗೆ ಮಾತ್ರ ಯುದ್ಧ ಶುರುವಾದ ನಂತರ ಮತ್ತೆ ನಡೆದ ಲೀಗ್‌ಗೆ ಇಳಿಯಲು ಆಗಲಿಲ್ಲ. 2024ರ ಯುರೋ ಹೊತ್ತಿಗೆ ದೇಶಕ್ಕಾಗಿ ಇವನ ಗೋಲು 46. ಶೆವ್ಚೆಂಕೊ ದಾಖಲೆ 48. 'ಹೊಸ ಶೆವ್ಚೆಂಕೊ' ಅಂದ ಪತ್ರಿಕೆಯವರು ಲೆಕ್ಕದಲ್ಲಿ ಎರಡೇ ಗೋಲು ಆಚೀಚೆ, ಆಟದಲ್ಲಿ ಪೂರ್ತಿ ತಪ್ಪು. ಶೆವ್ಚೆಂಕೊ ಹತ್ತು ಥರದಲ್ಲಿ ಗೋಲು ಹೊಡೆಯುತ್ತಿದ್ದ.

ನನ್ನದು ಇಷ್ಟೇ. ಕೊನೊಪ್ಲ್ಯಾಂಕಾನೇ ಮೇಲು ಅನ್ನುವವರು ಇಲ್ಲಿ ಇಬ್ಬರು ಮೂವರಾದರೂ ಇದ್ದೀರಿ ಅಂತ ಮುಖ ನೋಡಿದರೇ ಗೊತ್ತಾಗುತ್ತಿದೆ. ಮೈಕ್ ಆ ಕಡೆ ಕಳಿಸಿ, ಮೊದಲು ಅವರೇ ಮಾತಾಡಲಿ.